ಕಿಂದರಿಜೋಗಿ, ಮರದ ಇಲಿಗಳು, ವಾಪಸ್ ಬರದ 130 ಮಕ್ಕಳು

ಕುವೆಂಪು ಅವರ 'ಬೊಮ್ಮನಹಳ್ಳಿಯ ಕಿಂದರಿಜೋಗಿ' ಕೇಳದೆ ಬೆಳೆದವರು ನಮ್ಮಲ್ಲಿ ಕಡಿಮೆ. ಅದಕ್ಕೆ ಪ್ರೇರಣೆ ಬ್ರೌನಿಂಗ್‌ನ ಇಂಗ್ಲಿಷ್ ಕವಿತೆ. ಅದಕ್ಕೂ ಹಿಂದೆ ಇರೋದು ಜರ್ಮನಿಯ ವೇಸರ್ ನದಿ ದಂಡೆಯ ಹ್ಯಾಮೆಲಿನ್ ಊರಿನ ಕಥೆ. ಇವತ್ತು ಅದು ಸಿನಿಮಾಕ್ಕೆ ಬಂದ ಬಗೆ ನೋಡೋಣ.

1918, ಮೊದಲ ಮಹಾಯುದ್ಧದ ಕೊನೆಯ ವರ್ಷ. ಪಾಲ್ ವೇಗೆನರ್ ಈ ಕಥೆಯನ್ನು ಚಿತ್ರ ಮಾಡಿದರು, ಕೊಳಲಿನವನ ಪಾತ್ರವೂ ಅವರದೇ. ಹಳೆಯ ಜಾನಪದವನ್ನು ನಾಟಕದ ಹಾಗಲ್ಲ, ಕ್ಯಾಮೆರಾಗೆ ಮಾತ್ರ ಸಾಧ್ಯವಾಗುವ ಹಾಗೆ ಹೇಳಬೇಕು ಅನ್ನೋದು ಅವರ ಹಟ. ಆದರೆ ನಿಜವಾದ ಇಲಿಗಳು ಹೇಳಿದ ಮಾತು ಕೇಳಬೇಕಲ್ಲ! ಕೊನೆಗೆ ಮರದ ಇಲಿಗಳು ಬಂದವು. ಒಂದೊಂದು ಫ್ರೇಮಿಗೂ ಅವನ್ನು ಚೂರುಚೂರೇ ಸರಿಸಿ ಓಡಿಸಿದವರಲ್ಲಿ ಹತ್ತೊಂಬತ್ತರ ಹುಡುಗಿ ಲೊಟ್ಟೆ ರೈನಿಗರ್ ಒಬ್ಬರು. ಮುಂದೆ 1926ರಲ್ಲಿ ನೆರಳುಚಿತ್ರಗಳಲ್ಲೇ ಪ್ರಿನ್ಸ್ ಅಹ್ಮದನ ಸಾಹಸಗಳ ಪೂರ್ಣಾವಧಿ ಸಿನಿಮಾ ಮಾಡಿದವರು ಇವರೇ.

ಮಜಾ ಏನು ಗೊತ್ತಾ? 15ನೇ ಶತಮಾನದ ಲ್ಯೂನೆಬರ್ಗ್ ಹಸ್ತಪ್ರತಿಯಲ್ಲಿ ಈ ಕಥೆ ಇದೆ, ಇಲಿಗಳೇ ಇಲ್ಲ. 1284ರ ಜೂನ್ 26ರಂದು ಬೆಳ್ಳಿ ಕೊಳಲು ಹಿಡಿದ ಚೆಂದದ ಯುವಕ ಬಂದ, 130 ಮಕ್ಕಳು ಅವನ ಹಿಂದೆ ಹೋದರು, ಮತ್ತೆ ಕಾಣಲಿಲ್ಲ. ಅಷ್ಟೇ. ಇಲಿಗಳು ಸೇರಿದ್ದು 16ನೇ ಶತಮಾನದಲ್ಲಿ.

ಹಾಗಾದ್ರೆ ಮಕ್ಕಳು ಎಲ್ಲಿ ಹೋದ್ರು? 'ಮಕ್ಕಳು' ಅಂದ್ರೆ ಊರಿನ ಯುವಜನ ಅನ್ನೋದು ಕೆಲವು ಇತಿಹಾಸಕಾರರ ವಾದ. ಆಗ ಪೂರ್ವದಲ್ಲಿ ಹೊಸ ಊರು ಕಟ್ಟಲು ಜನ ಬೇಕಾಗಿತ್ತು. ಜಮೀನಿನ ಆಸೆ ತೋರಿಸಿ ಕರೆದೊಯ್ಯುವ ಏಜೆಂಟರೂ ಇದ್ದರು, ಅವರನ್ನು 'ಲೊಕಾಟರ್' ಅಂತಿದ್ದರು.

ಮಕ್ಕಳು ನಡೆದುಹೋದರು ಅನ್ನುವ ಬೀದಿ ಹ್ಯಾಮೆಲಿನ್‌ನಲ್ಲಿ ಈಗಲೂ ಇದೆ. ಹೆಸರು ಬುಂಗೆಲೋಸೆನ್‌ಸ್ಟ್ರಾಸೆ, ಅಂದ್ರೆ ಡೋಲು ಬಾರಿಸದ ಬೀದಿ. ಮದುವೆ ಮೆರವಣಿಗೆ ಬಂದರೂ ಅಲ್ಲಿ ವಾದ್ಯ ನಿಲ್ಲಿಸಬೇಕು.

ನನಗೆ ಅನ್ನಿಸೋದು ಇಷ್ಟು: ಕ್ಯಾಮೆರಾಗೆ ಆಟ ಆಡಲು ಸಿಕ್ಕಿದ್ದು ಇಲಿಗಳು. ಊರು ಮಾತ್ರ ಹೋದ ಮಕ್ಕಳನ್ನೇ ನೆನಪಿಟ್ಟುಕೊಂಡಿತು. ಚಿತ್ರ ಬಂದ ವರ್ಷವೂ ಜರ್ಮನಿಯ ಎಷ್ಟೋ ಮನೆಗಳಿಗೆ ಹುಡುಗರು ವಾಪಸ್ ಬಂದಿರಲಿಲ್ಲ.

ಕ್ಯಾಂಪಸ್ ಇಂಟರ್ವ್ಯೂ ಮುಗಿಸಿ ನಮ್ಮ ಬ್ಯಾಚಿನ ಹದಿನಾಲ್ಕು ಜನ ಒಂದೇ ಬಸ್ಸಿನಲ್ಲಿ ಪುಣೆಗೆ ಹೊರಟಿದ್ವಿ. ಬಸ್ಸಿನೊಳಗೆ ಹಾಡು ಜೋರಾಗಿತ್ತು. ಕಿಟಕಿ ಕೆಳಗೆ ನಿಂತು ಅಪ್ಪ ಏನೋ ಹೇಳಿದ್ರು, ನನಗೆ ಕೇಳಿಸಲಿಲ್ಲ. ಏನು ಹೇಳಿದ್ರಿ ಅಂತ ಇವತ್ತಿಗೂ ಕೇಳಿಲ್ಲ. ಈ ಭಾನುವಾರ ಫೋನ್ ಮಾಡಿ ಕೇಳಬೇಕು.

ಮುಂದಿನ ವಿಡಿಯೋದಲ್ಲಿ ಸಿಗೋಣ.