ಕ್ವಿಸೆನೇರ್ ಕಡ್ಡಿಗಳು

ಕ್ವಿಸೆನೇರ್ ಕಡ್ಡಿಗಳು ಪ್ರಾಥಮಿಕ ಶಾಲೆಯ ಮಕ್ಕಳಿಗೆ ಅಂಕಗಣಿತವನ್ನು ಕಲಿಸಲು ಬಳಸುವ ಬಣ್ಣದ ಕಲಿಕೋಪಕರಣಗಳು. ಸಂಕಲನ, ವ್ಯವಕಲನ, ಗುಣಾಕಾರ, ಭಾಗಾಕಾರ ಹಾಗೂ ಭಿನ್ನರಾಶಿಗಳನ್ನು ಕೈಯಿಂದ ಜೋಡಿಸಿ, ಕಣ್ಣಾರೆ ಕಂಡು ಅರಿಯಲು ಇವು ನೆರವಾಗುತ್ತವೆ.

ಇತಿಹಾಸ

ಇವುಗಳನ್ನು ರೂಪಿಸಿದವರು ಬೆಲ್ಜಿಯಂ ದೇಶದ ಥುಯಿನ್ ಪಟ್ಟಣದ ಶಿಕ್ಷಕ ಜಾರ್ಜ್ ಕ್ವಿಸೆನೇರ್ (1891–1975). ಬಣ್ಣಗಳ ಮೂಲಕ ಸಂಖ್ಯೆಗಳನ್ನು ಕಲಿಸುವ ಈ ವಿಧಾನವನ್ನು ಕುರಿತ ಅವರ ಪುಸ್ತಕ 1952ರಲ್ಲಿ ಪ್ರಕಟವಾಯಿತು. ಮರುವರ್ಷ ಇದನ್ನು ಕಂಡ ಗಣಿತ ಶಿಕ್ಷಣತಜ್ಞ ಕ್ಯಾಲೆಬ್ ಗ್ಯಾಟೆನ್ಯೊ ಅವರು ಕಡ್ಡಿಗಳನ್ನು ಹಲವು ದೇಶಗಳಲ್ಲಿ ಪ್ರಚಾರಕ್ಕೆ ತಂದರು.

ರಚನೆ

ಕಡ್ಡಿಗಳ ಅಡ್ಡಕೊಯ್ತ 1 ಸೆಂ.ಮೀ. ಬದಿಯ ಚೌಕ. ಉದ್ದ 1ರಿಂದ 10 ಸೆಂ.ಮೀ.ವರೆಗೆ ಇದ್ದು, ಪ್ರತಿ ಉದ್ದಕ್ಕೂ ಒಂದು ಬಣ್ಣವಿದೆ. ಕ್ರಮವಾಗಿ ಅವು ಬಿಳಿ, ಕೆಂಪು, ತಿಳಿಹಸಿರು, ನೇರಳೆ, ಹಳದಿ, ಕಡುಹಸಿರು, ಕಪ್ಪು, ಕಂದು, ನೀಲಿ ಮತ್ತು ಕಿತ್ತಳೆ. ಕಡ್ಡಿಗಳ ಮೇಲೆ ಅಂಕಿಗಳಾಗಲಿ, ಗೆರೆಗಳಾಗಲಿ ಇರುವುದಿಲ್ಲ. ಆದ್ದರಿಂದ ಮಗು ಒಂದೊಂದಾಗಿ ಎಣಿಸುವ ಬದಲು ಉದ್ದಗಳನ್ನು ಹೋಲಿಸಬೇಕಾಗುತ್ತದೆ.

ಬಳಕೆ

* ಸಂಕಲನ: ತಿಳಿಹಸಿರು (3) ಮತ್ತು ನೇರಳೆ (4) ಕಡ್ಡಿಗಳನ್ನು ತುದಿಗೆ ತುದಿ ಸೇರಿಸಿದರೆ ಕಪ್ಪು ಕಡ್ಡಿಯ (7) ಉದ್ದ ದೊರೆಯುತ್ತದೆ.
* ವ್ಯವಕಲನ: ಕಪ್ಪು ಕಡ್ಡಿಯ ಪಕ್ಕದಲ್ಲಿ ನೇರಳೆ ಕಡ್ಡಿಯನ್ನಿಟ್ಟಾಗ ಉಳಿಯುವ ಜಾಗವನ್ನು ತಿಳಿಹಸಿರು ಕಡ್ಡಿ ತುಂಬುತ್ತದೆ. ಕೂಡುವುದು ಮತ್ತು ಕಳೆಯುವುದು ಒಂದೇ ಸಂಬಂಧದ ಎರಡು ಮುಖಗಳೆಂಬುದು ಇದರಿಂದ ತಿಳಿಯುತ್ತದೆ.
* ಗುಣಾಕಾರ: ಮೂರು ನೇರಳೆ ಕಡ್ಡಿಗಳನ್ನು ಒತ್ತಾಗಿ ಜೋಡಿಸಿದಾಗ ಆಗುವ ಆಯತವನ್ನು ನಾಲ್ಕು ತಿಳಿಹಸಿರು ಕಡ್ಡಿಗಳು ಸರಿಯಾಗಿ ಮುಚ್ಚುತ್ತವೆ. ಆದ್ದರಿಂದ 3 × 4 ಮತ್ತು 4 × 3 ಸಮ.
* ಭಾಗಾಕಾರ: ನೀಲಿ ಕಡ್ಡಿಯ (9) ಉದ್ದಕ್ಕೆ ನಾಲ್ಕು ಕೆಂಪು ಕಡ್ಡಿಗಳನ್ನು (2) ಇಟ್ಟರೆ ಒಂದು ಬಿಳಿ ಕಡ್ಡಿಯಷ್ಟು ಜಾಗ ಉಳಿಯುತ್ತದೆ. ಅದೇ ಶೇಷ.
* ಭಿನ್ನರಾಶಿ: ಕಂದು ಕಡ್ಡಿಯನ್ನು 1 ಎಂದು ಭಾವಿಸಿದರೆ ಕೆಂಪು ಕಡ್ಡಿ ಕಾಲು ಭಾಗ. ನೇರಳೆ ಕಡ್ಡಿಯನ್ನು 1 ಎಂದುಕೊಂಡರೆ ಅದೇ ಕೆಂಪು ಕಡ್ಡಿ ಅರ್ಧ. ಭಿನ್ನರಾಶಿಯ ಬೆಲೆಯು ಪೂರ್ಣವೆಂದು ಆರಿಸಿಕೊಂಡದ್ದನ್ನು ಅವಲಂಬಿಸಿದೆ ಎಂಬುದು ಹೀಗೆ ಸ್ಪಷ್ಟವಾಗುತ್ತದೆ.

ಮಿತಿಗಳು

‘ಹಳದಿ ಎಂದರೆ ಐದು’ ಎಂದು ಮಗು ಬಣ್ಣವನ್ನೇ ಕಂಠಪಾಠ ಮಾಡಿದರೆ ಉದ್ದಗಳ ಹೋಲಿಕೆ ಹಿಂದೆ ಸರಿದು, ಉಪಕರಣದ ಉದ್ದೇಶ ಈಡೇರುವುದಿಲ್ಲ. ನೂರಾರು, ಸಾವಿರಾರು ಸಂಖ್ಯೆಗಳ ಸ್ಥಾನಬೆಲೆಯನ್ನು ಕಲಿಸಲು ಹತ್ತರ ಗುಂಪುಗಳಲ್ಲಿರುವ ದಶಮಾನ ಘನಗಳು ಹೆಚ್ಚು ಅನುಕೂಲಕರ. ಕಡ್ಡಿಗಳಿಂದ ಕಂಡುಕೊಂಡದ್ದನ್ನು ಮಾತಿನಲ್ಲಿ ಹೇಳಿ, ಚಿತ್ರವಾಗಿ ಬರೆದು, ಕೊನೆಗೆ ಅಂಕಿಗಳಲ್ಲಿ ದಾಖಲಿಸುವ ಅಭ್ಯಾಸವೂ ಅಗತ್ಯ. ಇಲ್ಲವಾದರೆ ಕಡ್ಡಿಗಳ ಜೋಡಣೆ ಮತ್ತು ಲಿಖಿತ ಲೆಕ್ಕ ಮಗುವಿನ ಮನಸ್ಸಿನಲ್ಲಿ ಎರಡು ಬೇರೆ ವಿಷಯಗಳಾಗಿಯೇ ಉಳಿಯಬಹುದು.