ಜಾತಿ ಪ್ರಮಾಣಪತ್ರಕ್ಕಾಗಿ ನ್ಯಾಯಾಲಯದ ಮೊರೆ

ತಹಶೀಲ್ದಾರರು ಜಾತಿ ಪ್ರಮಾಣಪತ್ರ ನಿರಾಕರಿಸಿದಾಗ ಅಥವಾ ಅರ್ಜಿಯನ್ನು ಸುಮ್ಮನೆ ಇಟ್ಟುಕೊಂಡಾಗ ಪ್ರಜೆಗಿರುವ ಕಾನೂನುಮಾರ್ಗ ಇದು. ಕರ್ನಾಟಕದಲ್ಲಿ ಮೀಸಲಾತಿ ಕುರಿತ 1990ರ ಕಾಯ್ದೆಯಡಿ ಮೊದಲ ಮೇಲ್ಮನವಿ ಉಪವಿಭಾಗಾಧಿಕಾರಿಗೆ ಸಲ್ಲುತ್ತದೆ. ಸಂವಿಧಾನದ 226ನೇ ವಿಧಿಯಡಿ ಹೈಕೋರ್ಟಿಗೆ ರಿಟ್ ಅರ್ಜಿ ಹಾಕಲು ಅವಕಾಶವಿದ್ದರೂ, ಈ ಮೇಲ್ಮನವಿಯ ಮೆಟ್ಟಿಲನ್ನು ಮೊದಲು ಹತ್ತಿ ಬರುವಂತೆ ನ್ಯಾಯಾಲಯ ಸಾಮಾನ್ಯವಾಗಿ ಸೂಚಿಸುತ್ತದೆ.

ನ್ಯಾಯಾಲಯದ ಅಧಿಕಾರಕ್ಕೆ ಗಡಿಯುಂಟು. 341 ಮತ್ತು 342ನೇ ವಿಧಿಗಳಡಿ ರಾಷ್ಟ್ರಪತಿ ಹೊರಡಿಸಿದ ಪರಿಶಿಷ್ಟರ ಪಟ್ಟಿಗೆ ಹೆಸರು ಸೇರಿಸುವುದು, ತೆಗೆಯುವುದು ಸಂಸತ್ತಿನ ಕೆಲಸ. ಮಿಲಿಂದ್ ಪ್ರಕರಣದಲ್ಲಿ (2000) ಸುಪ್ರೀಂ ಕೋರ್ಟ್ ಇದನ್ನು ಖಚಿತಪಡಿಸಿತು. ಆದರೆ ಪಟ್ಟಿಯ ಹೆಸರು ಯಾರಿಗೆ ಅನ್ವಯಿಸುತ್ತದೆಂಬುದನ್ನು ನ್ಯಾಯಾಲಯ ಪರಿಶೀಲಿಸಿದ್ದುಂಟು; ಮೈಸೂರು ರಾಜ್ಯದ್ದೇ ಆದ ಬಸವಲಿಂಗಪ್ಪ–ಮುನಿಚಿನ್ನಪ್ಪ ಪ್ರಕರಣ ಅಂಥ ಮಾನವೀಯ ಉದಾಹರಣೆ. ಪಟ್ಟಿಯಲ್ಲಿ 'ಭೋವಿ' ಎಂದಿತ್ತು; ಮೀಸಲು ಕ್ಷೇತ್ರದಿಂದ ಗೆದ್ದವರು ವಡ್ಡರೆಂಬ ತಕರಾರು ಎದ್ದಿತು. ಆ ಸಮುದಾಯದ ಕೋರಿಕೆಯಂತೆ 1946ರಲ್ಲಿ ಸರ್ಕಾರವೇ ವಡ್ಡರ ಹೆಸರನ್ನು ಭೋವಿ ಎಂದು ಬದಲಿಸಿದ್ದನ್ನು ಗಮನಿಸಿ, ಇಬ್ಬರೂ ಒಂದೇ ಎಂದು ಸುಪ್ರೀಂ ಕೋರ್ಟ್ 1964ರಲ್ಲಿ ಒಪ್ಪಿತು.

ಸುಪ್ರೀಂ ಕೋರ್ಟಿನ ಮಾಧುರಿ ಪಾಟೀಲ್ ತೀರ್ಪು (1994) ಜಾತಿ ಪ್ರಮಾಣಪತ್ರಗಳನ್ನು ಪರೀಕ್ಷಿಸುವ ಪರಿಶೀಲನಾ ಸಮಿತಿ, ಜಾಗೃತ ದಳಗಳ ವಿಧಾನವನ್ನು ರೂಪಿಸಿತು. ಸುಳ್ಳು ಪ್ರಮಾಣಪತ್ರ ತಡೆಯಲು ಇದು ಅಗತ್ಯವೇ. ಆದರೂ ಶಾಲಾ ದಾಖಲೆಯಿಲ್ಲದ ಅಲೆಮಾರಿ ಕುಟುಂಬಕ್ಕೆ ಪರಿಶೀಲನೆಯೇ ದೊಡ್ಡ ತಡೆಯಾಗುತ್ತದೆ. ಸ್ವಾತಂತ್ರ್ಯಪೂರ್ವದ ದಾಖಲೆಗಳಿಗೆ ಹೆಚ್ಚಿನ ತೂಕವಿದೆ, ಸಂಪ್ರದಾಯಗಳ ಹೋಲಿಕೆಯೊಂದೇ ಅಂತಿಮ ಒರೆಗಲ್ಲಲ್ಲ ಎಂದು 2011ರ ಆನಂದ್ ತೀರ್ಪು ಹೇಳಿದೆ.

ಅಂತರ್ಜಾತಿ ದಂಪತಿಯ ಮಗುವಿಗೆ ತಂದೆಯ ಜಾತಿಯೆಂಬ ಊಹೆ ಅಂತಿಮವಲ್ಲ. ಪರಿಶಿಷ್ಟ ತಾಯಿಯ ಸಮುದಾಯದಲ್ಲೇ ಬೆಳೆದು ಅದೇ ಅವಮಾನ, ವಂಚನೆಗಳನ್ನು ಉಂಡಿದ್ದರೆ ಸಾಕ್ಷ್ಯದಿಂದ ಅದನ್ನು ತೋರಿಸಬಹುದು (ರಮೇಶ್‌ಭಾಯಿ ನಾಯ್ಕಾ ಪ್ರಕರಣ, 2012).