ನಿಚ್ಚಳವಾದ ಚಿತ್ರ, ಮಸುಕಾದ ಚರಿತ್ರೆ

ಹಳೆಯ ಚಲನಚಿತ್ರವೊಂದು ಹೊಸ ಹೊಳಪಿನೊಡನೆ ಮರಳಿದಾಗ ನಾವು ಅದನ್ನು ಕಲೆಯಾಗಿ ಮಾತ್ರವಲ್ಲ, ಚರಿತ್ರೆಯ ಕಣ್ಣಿನಿಂದಲೂ ನೋಡಬೇಕಾಗುತ್ತದೆ. ಮೈಕೇಲ್ ರೀವ್ಸ್ ನಿರ್ದೇಶಿಸಿದ, 1968ರಲ್ಲಿ ತೆರೆಕಂಡ ‘ವಿಚ್‌ಫೈಂಡರ್ ಜನರಲ್’ ಎಂಬ ಇಂಗ್ಲಿಷ್ ಭಯಾನಕ ಚಿತ್ರ ಅಂಥದ್ದು. ಮರುವರ್ಷವೇ, ತನ್ನ 25ನೆಯ ವಯಸ್ಸಿನಲ್ಲಿ, ನಿರ್ದೇಶಕ ತೀರಿಕೊಂಡ. ಹೈ ಡೆಫಿನಿಷನ್‌ನ ಪುನರುಜ್ಜೀವಿತ ಪ್ರತಿಯಲ್ಲಿ ಸೆನ್ಸಾರಿನ ಕತ್ತರಿಗೆ ಸಿಕ್ಕಿದ್ದ ತುಣುಕುಗಳು ಮರಳಿ ಸೇರಿವೆ. ಇಂಗ್ಲೆಂಡಿನ ಹಸಿರು ಬಯಲು ಎಷ್ಟು ಚೆಲುವಾಗಿ ಕಾಣುತ್ತದೆಯೋ, ನೇಣುಗಂಬದ ಬಳಿ ನೆರೆದ ಊರವರ ಮುಖಗಳೂ ಅಷ್ಟೇ ಸ್ಪಷ್ಟವಾಗಿ ಕಾಣುತ್ತವೆ.

ಸ್ಪಷ್ಟವಾಗಿ ಕಂಡದ್ದೆಲ್ಲ ನಿಜವೆಂದು ನಂಬುವುದು ಸುಲಭ. ಚಿತ್ರದಲ್ಲಿ ಮ್ಯಾಥ್ಯೂ ಹಾಪ್‌ಕಿನ್ಸ್‌ನಾಗಿ ನಟಿಸಿದ ವಿನ್ಸೆಂಟ್ ಪ್ರೈಸ್ ಐವತ್ತು ದಾಟಿದವರು. ನಿಜವಾದ ಹಾಪ್‌ಕಿನ್ಸ್ ಇಪ್ಪತ್ತರ ಹರೆಯದ ತರುಣ. ಅಂತರ್ಯುದ್ಧದಿಂದ ನ್ಯಾಯವ್ಯವಸ್ಥೆ ಸಡಿಲಗೊಂಡಿದ್ದ 1645ರಿಂದ ಅವನು ಪೂರ್ವ ಇಂಗ್ಲೆಂಡಿನ ಊರೂರು ಸುತ್ತಿ ಮಾಟಗಾತಿಯರನ್ನು ‘ಪತ್ತೆ’ಮಾಡುತ್ತಿದ್ದ. ಶಂಕಿತರನ್ನು ರಾತ್ರಿಗಟ್ಟಲೆ ನಿದ್ದೆಗೆಡಿಸುವುದು, ಕಟ್ಟಿ ನೀರಿಗಿಳಿಸಿ ತೇಲಿದರೆ ತಪ್ಪಿತಸ್ಥರೆನ್ನುವುದು ಆ ಪತ್ತೆಯ ಕ್ರಮ. ಚಿತ್ರದಲ್ಲಿ ಎಲಿಜಬೆತ್ ಕ್ಲಾರ್ಕ್ ಬೆಂಕಿಗೆ ಆಹುತಿಯಾಗುತ್ತಾಳೆ. ಚರಿತ್ರೆಯಲ್ಲಿ ಆ ಹೆಸರಿನ ಒಂಟಿಕಾಲಿನ ಬಡ ಮುದುಕಿಯನ್ನು ಗಲ್ಲಿಗೇರಿಸಲಾಯಿತು. ಬ್ರ್ಯಾಂಡೆಸ್ಟನ್ ಊರಿನ ಪಾದ್ರಿ ಜಾನ್ ಲೋವ್ಸ್‌ಗೆ ಆಗ ಸುಮಾರು 80 ವರ್ಷ. ಆತನಿಗೂ ನೇಣೇ ಗತಿಯಾಯಿತು.

ಈ ಕೆಲಸಕ್ಕೆ ಕೂಲಿಯಿತ್ತು. ಸ್ಟೋಮಾರ್ಕೆಟ್ ಎಂಬ ಒಂದೇ ಪಟ್ಟಣ 23 ಪೌಂಡ್ ತೆತ್ತಿತು. ಹಾಪ್‌ಕಿನ್ಸ್ ತಾನಾಗಿ ನುಗ್ಗಿದವನಲ್ಲ. ಊರವರೇ ಕರೆಸಿ ಹಣ ಕೊಟ್ಟರು. ನೆರೆಯವರ ಮೇಲಿನ ಹಳೆಯ ಮುನಿಸು ಸಾಕ್ಷ್ಯವಾಗಿ ಮಾರ್ಪಟ್ಟಿತು.

ಚಿತ್ರದ ಕೊನೆಯಲ್ಲಿ ಸೈನಿಕನೊಬ್ಬನ ಕೊಡಲಿ ಹಾಪ್‌ಕಿನ್ಸ್‌ನನ್ನು ಕೊಚ್ಚುತ್ತದೆ. ದುಷ್ಟನಿಗೆ ಶಿಕ್ಷೆಯಾಯಿತೆಂದು ನಮ್ಮ ಮನಸ್ಸು ಹಗುರಾಗಬಹುದು. ಆದರೆ 1647ರಲ್ಲಿ ಅವನು ಕಾಯಿಲೆಯಿಂದ ಸತ್ತ. ಅವನನ್ನು ಯಾರೂ ದಂಡಿಸಲಿಲ್ಲ. ಅವನನ್ನು ಎದುರಿಸಿದ್ದು ಕೊಡಲಿಯಲ್ಲ, ಮಾತು. ಗ್ರೇಟ್ ಸ್ಟಾಟನ್‌ನ ಪಾದ್ರಿ ಜಾನ್ ಗಾಲ್ ಈ ಬೇಟೆಯ ವಿರುದ್ಧ ಪ್ರವಚನ ಮಾಡಿದ, 1646ರಲ್ಲಿ ಪುಸ್ತಕವನ್ನೂ ಪ್ರಕಟಿಸಿದ. ಸುಕ್ಕುಗಟ್ಟಿದ ಮುಖದ, ಮುಂಗೋಪದ ಮುದುಕಿಯರನ್ನೆಲ್ಲ ಮಾಟಗಾತಿಯರೆಂದು ಕರೆಯುವ ಜನರ ರೂಢಿಯನ್ನು ಅವನು ಖಂಡಿಸಿದ.

ಸವೆದ ಫಿಲ್ಮನ್ನು ಯಂತ್ರಗಳು ಸರಿಪಡಿಸಬಲ್ಲವು. ಸವೆದ ನೆನಪನ್ನು ಸರಿಪಡಿಸುವ ಹೊಣೆ ಮಾತ್ರ ನೋಡುಗರಾದ ನಮ್ಮದು. ಮುಂದಿನ ಸಲ ಈ ಚಿತ್ರವನ್ನು ನೋಡುವಾಗ ಹಾಪ್‌ಕಿನ್ಸ್‌ನ ಹಿಂದೆ ನಿಂತ ಆ ಊರವರನ್ನು ನಾವು ತುಸು ಹೆಚ್ಚು ಹೊತ್ತು ದಿಟ್ಟಿಸೋಣ.